ಸೀರಿಯಲ್ ಸೆಟ್ಟಿನಲ್ಲಿ ಕಲಿತ ನಿರ್ದೇಶನ

ಸೀರಿಯಲ್ ಮಾಡಿದವರಿಗೆ ಸಿನಿಮಾ ಒಲಿಯಲ್ಲ ಅನ್ನುವ ಮಾತು ಗಾಂಧಿನಗರದಲ್ಲಿ ತುಂಬಾ ಕೇಳಿಬರುತ್ತದೆ. ನಾನು ಒಪ್ಪುವುದಿಲ್ಲ. ಎರಡನ್ನೂ ಮಾಡಿದ್ದೇನೆ. ನನಗೆ ಗೊತ್ತಿರುವ ನಿರ್ದೇಶನದಲ್ಲಿ ಮುಕ್ಕಾಲು ಪಾಲು ರಾಜರಾಜೇಶ್ವರಿ ನಗರ, ನಾಗರಭಾವಿ ಕಡೆಯ ಶೂಟಿಂಗ್ ಮನೆಗಳಲ್ಲಿ ಕಲಿತದ್ದು. ಉಳಿದ ಕಾಲು ಪಾಲಿಗೆ ಸಿನಿಮಾ ಬೇಕಾಯಿತು. ಆ ಕಾಲು ಪಾಲು ಸಣ್ಣದಲ್ಲ, ಅದನ್ನೂ ಹೇಳುತ್ತೇನೆ.

ಹಾಗೆ ನೋಡಿದರೆ ಕನ್ನಡದಲ್ಲಿ ದೊಡ್ಡವರು ಈ ಎರಡನ್ನೂ ಬೇರೆ ಬೇರೆ ಅಂತ ನೋಡಿದ್ದೇ ಕಡಿಮೆ. ಶಂಕರ್ ನಾಗ್ 80ರ ದಶಕದಲ್ಲಿ ಆಗುಂಬೆಗೆ ಹೋಗಿ ದೂರದರ್ಶನಕ್ಕೆ ‘ಮಾಲ್ಗುಡಿ ಡೇಸ್’ ಮಾಡಿದಾಗ ಆಗಲೇ ಹೆಸರಾದ ಸಿನಿಮಾ ನಿರ್ದೇಶಕ. ಗಿರೀಶ್ ಕಾಸರವಳ್ಳಿ ಅತ್ಯುತ್ತಮ ಚಿತ್ರಕ್ಕೆ ಕೊಡುವ ರಾಷ್ಟ್ರಪ್ರಶಸ್ತಿ ಸ್ವರ್ಣಕಮಲ ಗೆದ್ದು ಎಷ್ಟೋ ವರ್ಷ ಆದ ಮೇಲೆ ಭೈರಪ್ಪನವರ ‘ಗೃಹಭಂಗ’ವನ್ನು ಧಾರಾವಾಹಿಯಾಗಿ ಮಾಡಿದರು. ಟಿ.ಎನ್. ಸೀತಾರಾಮ್ ಅವರ ಜೊತೆ ‘ಮಾಯಾಮೃಗ’ದಲ್ಲಿದ್ದ ಪಿ. ಶೇಷಾದ್ರಿ ಆಮೇಲೆ ಸಿನಿಮಾಗೆ ಹೋಗಿ ರಾಷ್ಟ್ರಪ್ರಶಸ್ತಿ ತಂದರು. ಇವರನ್ನೆಲ್ಲ ನೋಡಿಕೊಂಡೇ ನಾನು ಬೆಂಗಳೂರಿನ ಬಸ್ ಹತ್ತಿದ್ದು.

ಬಂದಿದ್ದು ರಂಗಭೂಮಿಯಿಂದ. ಹೆಗ್ಗೋಡಿನ ನೀನಾಸಂನಲ್ಲಿ ಒಂದು ವರ್ಷದ ಕೋರ್ಸ್ ಮುಗಿಸಿದ್ದೆ. ಸೆಟ್ಟಿನಲ್ಲಿ ಸಿಕ್ಕ ಮೊದಲ ಕೆಲಸ ಪ್ರಾಂಪ್ಟಿಂಗ್. ಸೀನ್ ಪೇಪರ್ ಬೆಳಿಗ್ಗೆ ಬರುತ್ತದೆ. ಎಷ್ಟೋ ಸಲ ಲೈಟ್ ಇಡುತ್ತಿರುವಾಗ ವಾಟ್ಸ್ಯಾಪ್‌ನಲ್ಲಿ ಬರುತ್ತದೆ. ಕಲಾವಿದರಿಗೆ ಬಾಯಿಪಾಠ ಮಾಡಿಕೊಳ್ಳಲು ಪುರುಸೊತ್ತು ಎಲ್ಲಿ? ಅದಕ್ಕೇ ಕ್ಯಾಮೆರಾ ಪಕ್ಕ ಒಬ್ಬ ಅಸಿಸ್ಟೆಂಟ್ ನಿಂತು ಸಾಲು ಸಾಲಾಗಿ ಡೈಲಾಗ್ ಹೇಳಿಕೊಡಬೇಕು. ಹೊರಗಿನವರಿಗೆ ಇದು ತೀರಾ ಸಣ್ಣ ಕೆಲಸ. ನನ್ನ ಮಟ್ಟಿಗೆ ಅದೇ ದೊಡ್ಡ ಪಾಠ. ಭಾವ ತುಂಬಿ ಹೇಳಿಕೊಟ್ಟರೆ ಕಲಾವಿದರು ನಮ್ಮ ರಾಗವನ್ನೇ ಎತ್ತಿಕೊಳ್ಳುತ್ತಾರೆ, ಅವರ ಸ್ವಂತ ಮಾತು ಸತ್ತುಹೋಗುತ್ತದೆ. ಅದಕ್ಕೆ ಚಪ್ಪಟೆಯಾಗಿ, ರಾಗವೇ ಇಲ್ಲದೆ ಹೇಳಬೇಕು. ಸಾಲನ್ನು ಎಲ್ಲಿ ತುಂಡು ಮಾಡಬೇಕು ಅನ್ನುವುದು ಇನ್ನೊಂದು. ವ್ಯಾಕರಣ ಮುಗಿಯುವಲ್ಲಿ ಅಲ್ಲ, ಆ ಪಾತ್ರ ಉಸಿರು ತೆಗೆದುಕೊಳ್ಳುವಲ್ಲಿ. ಕೋಪದಲ್ಲಿರುವವಳು ಒಂದು ಕಡೆ ಉಸಿರು ತೆಗೆದುಕೊಂಡರೆ ಸುಳ್ಳು ಹೇಳುತ್ತಿರುವವಳು ಇನ್ನೊಂದು ಕಡೆ. ಈ ಕೆಲಸ ಮಾಡುತ್ತಾ ಮಾಡುತ್ತಾ ಕಲಾವಿದರ ಮಾತನ್ನು ಕೇಳಿಸಿಕೊಳ್ಳುವುದು ಅಭ್ಯಾಸವಾಯಿತು. ಇವತ್ತಿಗೂ ಟೇಕ್ ಓಕೆನಾ ಎನ್‌ಜಿನಾ (ನೋ ಗುಡ್, ಮತ್ತೆ ತೆಗೆಯಬೇಕಾ) ಅಂತ ನಾನು ಮೊದಲು ಕಿವಿಯಿಂದಲೇ ತೀರ್ಮಾನ ಮಾಡುತ್ತೇನೆ.

ಆಮೇಲೆ ಕಂಟಿನ್ಯೂಟಿ (ಶಾಟ್‌ನಿಂದ ಶಾಟ್‌ಗೆ ಬಟ್ಟೆ, ವಸ್ತು ಎಲ್ಲ ಒಂದೇ ಥರ ಇದೆಯಾ ಅಂತ ನೋಡುವ ಕೆಲಸ), ಆಮೇಲೆ ಅಸೋಸಿಯೇಟ್, ಆಮೇಲೆ ಸಂಚಿಕೆ ನಿರ್ದೇಶನ. ಎಲ್ಲರೂ ಹತ್ತುವ ಮೆಟ್ಟಿಲುಗಳೇ, ಅದರಲ್ಲಿ ಹೊಸದೇನಿಲ್ಲ.

ಅರ್ಧ ಗಂಟೆಯ ಸ್ಲಾಟ್ ಅಂದರೆ ಜಾಹೀರಾತು ಕಳೆದು ಸುಮಾರು 22 ನಿಮಿಷದ ಕಥೆ. ಅದು ದಿನಕ್ಕೊಂದು ಬೇಕು. ಗುರುವಾರ ರೇಟಿಂಗ್ ಬರುತ್ತದೆ. ನಂಬರ್ ಇಳಿದರೆ ಆ ಸಂಜೆಯೇ ಕಥೆ ತಿರುಗಬಹುದು. ಬ್ಯಾಂಕಿಂಗ್, ಅಂದರೆ ಮುಂಚೆಯೇ ತೆಗೆದಿಟ್ಟ ಸಂಚಿಕೆಗಳು, ಇಲ್ಲದಿದ್ದರೆ ಇವತ್ತು ತೆಗೆದ ಸೀನು ನಾಳೆಯೇ ಪ್ರಸಾರ. ಇಷ್ಟು ಓಟದಲ್ಲಿ ಕಲೆ ಎಲ್ಲಿ ಉಳಿಯುತ್ತೆ ಅಂತ ಹೊಸಬರು ಕೇಳುತ್ತಾರೆ. ಅವರಿಗೆ ನಾನು ಊಟದ ಮೇಜಿನ ಸೀನಿನ ಬಗ್ಗೆ ಹೇಳುತ್ತೇನೆ.

ಕೂಡು ಕುಟುಂಬದ ಕಥೆ ಅಂದಮೇಲೆ ಊಟದ ಸೀನು ತಪ್ಪಿದ್ದಲ್ಲ. ಎಂಟು ಜನ, ಒಂದು ಮೇಜು, ನಾಲ್ಕು ಪುಟ ಮಾತು. ಇಲ್ಲಿ ದೊಡ್ಡ ತಲೆನೋವು ಲುಕ್, ಅಂದರೆ ಯಾರು ಯಾವ ಕಡೆ ನೋಡುತ್ತಾರೆ ಅನ್ನುವುದು. ತಾತ ಕ್ಯಾಮೆರಾದ ಬಲಕ್ಕೆ ನೋಡಿ ಸೊಸೆಗೆ ಮಾತಾಡಿದರೆ ಸೊಸೆ ಎಡಕ್ಕೆ ನೋಡಿ ಉತ್ತರ ಕೊಡಬೇಕು. ಇಲ್ಲದಿದ್ದರೆ ಎಡಿಟಿಂಗ್‌ನಲ್ಲಿ ಇಬ್ಬರೂ ಬೇರೆ ಯಾರನ್ನೋ ನೋಡಿ ಮಾತಾಡಿದಂತೆ ಕಾಣುತ್ತದೆ. ಇಬ್ಬರಾದರೆ ಸುಲಭ. ಎಂಟು ಜನ ಸುತ್ತ ಕೂತಾಗ ಪ್ರತಿ ಜೋಡಿಗೂ ನೋಟದ ಗೆರೆ ಬದಲಾಗುತ್ತದೆ. ನಾನು ಸೀನ್ ಪೇಪರಿನ ಹಿಂದೆ ಎಂಟು ತಟ್ಟೆ ಬರೆದು ಯಾರು ಯಾರಿಗೆ ಮಾತಾಡುತ್ತಾರೆ ಅಂತ ಬಾಣ ಎಳೆಯುತ್ತೇನೆ. ಬಾಣಗಳು ಜಾಸ್ತಿ ಸೇರುವ ತಟ್ಟೆ ಯಾವುದೋ ಆ ಸೀನು ಅವರದ್ದು. ಎಷ್ಟೋ ಸಲ ಅದು ಜಾಸ್ತಿ ಮಾತಿರುವ ಪಾತ್ರ ಆಗಿರುವುದಿಲ್ಲ.

ಮೊದಲು ಎಲ್ಲರೂ ಕಾಣುವ ಮಾಸ್ಟರ್ ಶಾಟ್. ಆಮೇಲೆ ಕಿಟಕಿಗೆ ಬೆನ್ನು ಹಾಕಿ ಕೂತವರ ಸಜೆಷನ್ (ಎದುರಿನವರ ಭುಜದ ಮೇಲಿಂದ ತೆಗೆಯುವ ಶಾಟ್), ಕ್ಲೋಸ್ ಎಲ್ಲ ಒಟ್ಟಿಗೆ. ಲೈಟ್ ಒಂದೇ ಸಲ ತಿರುಗಬೇಕು, ಹತ್ತು ಸಲ ತಿರುಗಿದರೆ ದಿನ ಅಲ್ಲೇ ಮುಗಿಯುತ್ತದೆ. ಅಳಬೇಕಾದವರ ಕ್ಲೋಸ್ ಮೊದಲು. ಅವರ ಕಣ್ಣೀರನ್ನು ಮಧ್ಯಾಹ್ನದವರೆಗೆ ಕಾಯಿಸಬಾರದು. ತುತ್ತು ಬಾಯಿಗೆ ಹೋಗುವುದು ಮಾತು ಮುಗಿದ ಮೇಲೆ. ಮಾತಿನ ನಡುವೆ ಹೋದರೆ ಎಂಟೂ ಆಂಗಲ್‌ನಲ್ಲಿ ಅದೇ ಅಕ್ಷರಕ್ಕೆ ಹೋಗಬೇಕು, ಆಗದ ಮಾತು. ಎಲ್ಲರಿಗೂ ಅನ್ನ ಕಲಸುತ್ತಾ ಇರಿ ಅನ್ನುತ್ತೇನೆ.

ಇಂಥದ್ದೇ ಒಂದು ಸೀನು. ಮಗ ಆಸ್ತಿ ಮಾರುವ ಮಾತು ತೆಗೆಯುತ್ತಾನೆ. ತಂದೆ ಕೋಪದಲ್ಲಿ ಒಂದು ದೊಡ್ಡ ಡೈಲಾಗ್ ಹೊಡೆದು ಎದ್ದು ಹೋಗಬೇಕು. ತಂದೆಯ ಪಾತ್ರ ಮಾಡುತ್ತಿದ್ದವರು ಹಳೆಯ ನಾಟಕ ಕಂಪನಿಯಿಂದ ಬಂದ ಹಿರಿಯರು. ರಿಹರ್ಸಲ್‌ನಲ್ಲಿ ನಿಲ್ಲಿಸಿ ಕೇಳಿದರು: “ಅಲ್ಲಮ್ಮಾ, ಅರ್ಧ ಊಟದಲ್ಲಿ ಏಳೋ ಮನುಷ್ಯ ಕೈ ಏನು ಮಾಡ್ತಾನೆ?”

ನನಗೆ ತಕ್ಷಣ ಹೊಳೆಯಿತು. “ತಟ್ಟೆಯಲ್ಲೇ ತೊಳ್ಕೊಳ್ಳಿ ಸಾರ್” ಅಂದೆ.

ಅವರು ಒಂದು ಕ್ಷಣ ನನ್ನನ್ನೇ ನೋಡಿದರು. “ಹಾಗಾದ್ರೆ ಮಾತು ಯಾಕೆ?”

ಆ ದೊಡ್ಡ ಡೈಲಾಗ್ ಪೂರ್ತಿ ಹೊಡೆದು ಹಾಕಿದೆವು. ಅವರು ಚೊಂಬು ಎತ್ತಿಕೊಂಡರು. ಕಲಸಿಟ್ಟ ಸಾರನ್ನದ ಮೇಲೆ ನೀರು ಬಿಟ್ಟು ಕೈ ತೊಳೆದರು. ಚೊಂಬನ್ನು ಮೇಜಿನ ಮೇಲೆ ಇಟ್ಟು ಎದ್ದರು. ನಮ್ಮ ಮನೆಗಳಲ್ಲಿ ತುಂಬಿದ ತಟ್ಟೆಯಲ್ಲಿ ಕೈ ತೊಳೆಯುವುದು ಅಂದರೆ ಏನು ಅಂತ ನೋಡುವವರಿಗೆ ಯಾರೂ ಬಿಡಿಸಿ ಹೇಳಬೇಕಿಲ್ಲ. ನಾನು ತೆಗೆದದ್ದು ಎರಡೇ ಶಾಟ್: ತಟ್ಟೆಗೆ ನೀರು ಬೀಳುವುದು, ಬಡಿಸಲು ಸೌಟು ಹಿಡಿದು ನಿಂತ ಹೆಂಡತಿಯ ಮುಖ. ಮಗನ ಮುಖ ಬೇಡ ಅಂದೆ. ಎಡಿಟರ್ ಕೇಳಿದಾಗಲೂ ಕೊಡಲಿಲ್ಲ.

ಸೀರಿಯಲ್ ನೋಡುವವರು ಪೂರ್ತಿ ನೋಡುತ್ತಿರುವುದಿಲ್ಲ ಅನ್ನುವುದು ಇಲ್ಲಿ ಮುಖ್ಯ. ಸಂಜೆ ಹೊತ್ತು ಒಗ್ಗರಣೆ ಹಾಕುತ್ತಾ, ಮಕ್ಕಳ ಹೋಂವರ್ಕ್ ನೋಡುತ್ತಾ ಕೇಳಿಸಿಕೊಳ್ಳುತ್ತಾರೆ. ಚಾನೆಲ್‌ನವರು ಎಲ್ಲವನ್ನೂ ಮಾತಿನಲ್ಲಿ ಹೇಳಿಸಿ ಅನ್ನುವುದಕ್ಕೆ ಅದೇ ಕಾರಣ, ಆ ಕಾರಣ ಸುಳ್ಳಲ್ಲ. ಆದರೆ ಕೇಳಿಸಬೇಕಾದದ್ದು ಮಾತೇ ಆಗಬೇಕು ಅಂತೇನಿಲ್ಲ ಅಲ್ವಾ? ಗದ್ದಲದ ಮಧ್ಯೆ ಎಲ್ಲರೂ ಸುಮ್ಮನಾಗಿ ಸ್ಟೀಲ್ ತಟ್ಟೆಗೆ ನೀರು ಬಿದ್ದ ಸದ್ದು ಬಂದರೆ ಅಡುಗೆಮನೆಯಲ್ಲಿರುವವರೂ ಕತ್ತು ತಿರುಗಿಸಿ ಟಿವಿ ನೋಡುತ್ತಾರೆ. ಆ ನಂಬಿಕೆಯ ಮೇಲೆ ಆಮೇಲೆ ಎಷ್ಟೋ ಸೀನು ಮಾಡಿದ್ದೇನೆ.

ಸಿನಿಮಾ ಬಂದಾಗ ಈ ಕಿವಿಯ ಅಭ್ಯಾಸ ಜೊತೆಗೇ ಬಂತು. ಆದರೆ ಕಣ್ಣಿನ ಲೆಕ್ಕ ಪೂರ್ತಿ ಬೇರೆ. ಥಿಯೇಟರ್‌ನಲ್ಲಿ ಕೂತವರು ಕತ್ತಲಲ್ಲಿ ಪರದೆಯನ್ನೇ ನೋಡುತ್ತಿರುತ್ತಾರೆ. ಟಿವಿಯಲ್ಲಿ ಒಬ್ಬರು ಮಾತಾಡಿದರೆ ಉಳಿದ ಎಲ್ಲರ ರಿಯಾಕ್ಷನ್ ಒಂದು ಸುತ್ತು ಹೋಗಿ ಬರಬೇಕು. ದೊಡ್ಡ ಪರದೆಯ ಮೇಲೆ ಅದೇ ಸುತ್ತು ಉಸಿರು ಕಟ್ಟಿಸುತ್ತದೆ. ಅಲ್ಲಿ ಒಂದೇ ಫ್ರೇಮಿನಲ್ಲಿ ಮೂವರನ್ನು ನಿಲ್ಲಿಸಿ ಯಾರನ್ನು ನೋಡಬೇಕು ಅನ್ನುವುದನ್ನು ನೋಡುವವರಿಗೇ ಬಿಡಬಹುದು. ಅದಕ್ಕಾಗಿ ನಾನು ಛಾಯಾಗ್ರಾಹಕರ ಜೊತೆ ಕೂತು ಪ್ರತಿ ಸೀನಿಗೂ ಮೊದಲು ಒಂದೇ ಶಾಟ್‌ನಲ್ಲಿ ಹೇಗೆ ಹೇಳಬಹುದು ಅಂತ ಯೋಚಿಸಿದೆ. ಅದು ಆಗದಿದ್ದಲ್ಲಿ ಮಾತ್ರ ಎರಡನೆಯ ಶಾಟ್.

ಇನ್ನೊಂದು ವ್ಯತ್ಯಾಸ ಕೊನೆ. ಸೀರಿಯಲ್‌ನಲ್ಲಿ ಕಥೆಯ ಕೊನೆ ಯಾರಿಗೂ ಗೊತ್ತಿರುವುದಿಲ್ಲ. ಕಲಾವಿದರು ಇವತ್ತಿನ ಸೀನನ್ನು ಇವತ್ತಿನ ಮಟ್ಟಿಗೆ ಮಾಡುತ್ತಾರೆ. ಸಿನಿಮಾದಲ್ಲಿ ಲೊಕೇಶನ್ ಸಿಗುವ ಲೆಕ್ಕದಲ್ಲಿ ಮೊದಲ ದಿನವೇ ಕ್ಲೈಮ್ಯಾಕ್ಸ್ ತೆಗೆಯಬೇಕಾಗಬಹುದು. ಹಾಗಾಗಿ ಗೋಡೆಗೆ ಉದ್ದದ ಹಾಳೆ ಅಂಟಿಸಿ ಪ್ರತಿ ಪಾತ್ರಕ್ಕೆ ಪ್ರತಿ ಸೀನಿನ ಹೊತ್ತಿಗೆ ಏನು ಗೊತ್ತು, ಏನು ಗೊತ್ತಿಲ್ಲ ಅಂತ ಬರೆದೆ. ಭಾವನೆ ಬರೆಯಲಿಲ್ಲ. ಗೊತ್ತಿರುವುದು, ಗೊತ್ತಿಲ್ಲದಿರುವುದು ಸ್ಪಷ್ಟವಾಗಿದ್ದರೆ ಭಾವನೆಯನ್ನು ಕಲಾವಿದರು ತಾವೇ ಹುಡುಕಿಕೊಳ್ಳುತ್ತಾರೆ.

ಶೂಟಿಂಗ್ ಮಾಡಿದ್ದು ಸಾಗರದ ಕಡೆಯ ಒಂದು ಹಳೇ ಹೆಂಚಿನ ಮನೆಯಲ್ಲಿ, ಸಿಂಕ್ ಸೌಂಡ್‌ನಲ್ಲಿ, ಅಂದರೆ ಮಾತನ್ನು ಶೂಟಿಂಗ್ ಜಾಗದಲ್ಲೇ ರೆಕಾರ್ಡ್ ಮಾಡಿ. ಮಲೆನಾಡಿನ ಮೋಡದ ಬೆಳಕು ಒಳ್ಳೆಯದು, ಬೆಳಿಗ್ಗೆಯಿಂದ ಸಂಜೆವರೆಗೆ ಒಂದೇ ಸಮ ಇರುತ್ತದೆ. ಸದ್ದಿನ ಕಥೆ ಹಾಗಲ್ಲ. ಕತ್ತಲಾಗುತ್ತಿದ್ದಂತೆ ಜೀರುಂಡೆ ಶುರು. ಕಟ್ ಮಾಡಿದ ಕಡೆಯೆಲ್ಲ ಅದರ ಶ್ರುತಿ ಜಿಗಿಯುತ್ತದೆ. ನಮ್ಮ ಸೌಂಡ್ ರೆಕಾರ್ಡಿಸ್ಟ್ ಪ್ರತಿ ಸೀನು ಮುಗಿದ ಮೇಲೆ ಇಡೀ ಯೂನಿಟ್ಟನ್ನು ನಿಂತಲ್ಲೇ ನಿಲ್ಲಿಸಿ ಬರೀ ಆ ಜಾಗದ ಸದ್ದನ್ನು ಹಿಡಿದುಕೊಳ್ಳುತ್ತಿದ್ದರು. ಮಿಕ್ಸಿಂಗ್ ಹೊತ್ತಿಗೆ ಆ ಸದ್ದೇ ತೇಪೆ ಹಾಕಲು ಬಂತು. ಡಬ್ಬಿಂಗ್ ಮಾಡಿದ್ದರೆ ಇಷ್ಟು ಪಾಡು ಇರುತ್ತಿರಲಿಲ್ಲ. ಆದರೆ ಆ ಹೆಂಚಿನ ಕೆಳಗೆ ಆಡಿದ ಮಾತಿನ ದನಿಯನ್ನು ಸ್ಟುಡಿಯೋದಲ್ಲಿ ಮತ್ತೆ ತರಲು ಆಗುತ್ತಿರಲಿಲ್ಲ.

ದುಡ್ಡಿನ ವಿಷಯವನ್ನೂ ಹೇಳಬೇಕು, ಈ ದಾರಿಗೆ ಬರುವವರಿಗೆ ಅದನ್ನು ಯಾರೂ ಹೇಳುವುದಿಲ್ಲ. ಸೀರಿಯಲ್‌ನಲ್ಲಿ ಸಂಚಿಕೆಗಿಷ್ಟು ಅಂತ ಬರುತ್ತದೆ, ಮನೆ ನಡೆಯುತ್ತದೆ. ಸಿನಿಮಾದಲ್ಲಿ ಅಡ್ವಾನ್ಸ್ ಒಂದಿಷ್ಟು, ಶೂಟಿಂಗ್ ಹೊತ್ತಿಗೆ ಒಂದಿಷ್ಟು, ಉಳಿದದ್ದು ಸೆನ್ಸಾರ್ ಆದ ಮೇಲೆ ಅನ್ನುತ್ತಾರೆ. ಆ ಕೊನೆಯ ಕಂತೇ ಸಿಕ್ಕಿಹಾಕಿಕೊಳ್ಳುವುದು. ನನಗೂ ಒಂದು ಕಡೆ ಇನ್ನೂ ಬರಬೇಕಿದೆ. ಈಗ ಯಾವ ಕಂತು ಯಾವ ಹಂತಕ್ಕೆ ಅಂತ ಕಾಗದದಲ್ಲಿ ಬರೆಸಿಕೊಳ್ಳದೆ ಮುಹೂರ್ತಕ್ಕೆ ಹೋಗುವುದಿಲ್ಲ. ಚಿತ್ರಕಥೆ ಬರೆಯುವ ಕಾಲಕ್ಕೆ ಸೀರಿಯಲ್ ಕೈಬಿಡಬೇಡಿ ಅಂತ ನನ್ನ ಅಸಿಸ್ಟೆಂಟ್‌ಗಳಿಗೆ ಹೇಳುತ್ತೇನೆ. ಬ್ಯಾಂಕಿಂಗ್ ಚೆನ್ನಾಗಿರುವ ತಿಂಗಳಲ್ಲಿ ನಾಲ್ಕಾರು ದಿನ ಬಿಡುವು ಸಿಗುತ್ತದೆ. ನನ್ನ ಚಿತ್ರಕಥೆ ಪೂರ್ತಿ ಬರೆದದ್ದು ಅಂಥ ದಿನಗಳಲ್ಲೇ.

ಸಿನಿಮಾ ಮುಗಿಸಿ ನಾನು ಸೀರಿಯಲ್‌ಗೆ ವಾಪಸ್ ಬಂದಾಗ ಕೆಲವರು “ಅಯ್ಯೋ, ಮತ್ತೆ ಇಲ್ಲಿಗಾ ಮೇಡಂ?” ಅಂದರು. ಹೌದು, ಇಲ್ಲಿಗೇ. ಈಗಿನ ಸೀರಿಯಲ್‌ನಲ್ಲಿ ವಾರಕ್ಕೆ ಒಂದಾದರೂ ಮಾತು ಕಡಿಮೆ ಇರುವ ಸೀನು ಕೊಡಿ ಅಂತ ಸಂಭಾಷಣೆಕಾರರ ಹತ್ತಿರ ಕೇಳಿಕೊಂಡಿದ್ದೇನೆ. ಅವರು ಒಪ್ಪಿದ್ದಾರೆ. ಚಾನೆಲ್‌ನವರೂ ಸದ್ಯಕ್ಕೆ ಬೇಡ ಅಂದಿಲ್ಲ. ಮುಂದಿನ ವಾರದ್ದು ಸೀಮಂತದ ಸೀನು, ಹನ್ನೊಂದು ಜನ. ಲುಕ್ ಹಾಕುತ್ತಾ ಕೂತಿದ್ದೇನೆ.