ಮೇರಿ ಜೇನ್‌ಗೆ ಖಂಜಿರ

ಬ್ರಿಟನ್ನಿನ ಹಳೆಯ ಮೂಕಿ ಹಾಸ್ಯಚಿತ್ರಗಳಿಗೆ ಪಿಯಾನೋನೇ ಬೇಕು, ನಮ್ಮ ವಾದ್ಯ ಹೊಂದೋದಿಲ್ಲ ಅಂತ ಹೇಳಿದವರೇ ಜಾಸ್ತಿ. ಕಳೆದ ತಿಂಗಳು ಇಂಗ್ಲೆಂಡಿನ ಹೋವ್‌ ಊರಿನ ಒಂದು ಸಣ್ಣ ಹಾಲ್‌ನಲ್ಲಿ ಖಂಜಿರ, ಅಂದರೆ ಚರ್ಮ ಬಿಗಿದ ಸಣ್ಣ ಕೈವಾದ್ಯ, ಹಿಡಿದು ಎರಡು ಚಿತ್ರಗಳಿಗೆ ನುಡಿಸಿದೆ. ಜನ ಹೊಟ್ಟೆ ಹಿಡಿದು ನಕ್ಕರು.

ಅದಕ್ಕೂ ಮುಂಚಿನ ಮೊದಲ ಮೂರು ಪ್ರದರ್ಶನ ಮಾತ್ರ ಪೂರ್ತಿ ನಷ್ಟ. ಒಂದಕ್ಕೆ ಸುಮಾರು 90 ಪೌಂಡ್ ಬಾಡಿಗೆ, ಬಂದವರು ಇಪ್ಪತ್ತು ಚಿಲ್ಲರೆ ಮಂದಿ. ಒಟ್ಟು 200ರ ಹತ್ತಿರ ಕೈಬಿಟ್ಟಿತು. ಹೀಟರ್ ಗಾಳಿಗೆ ಚರ್ಮ ಬಿಗಿದು ಕೀರಲು ದನಿ ಬೇರೆ. ಎಷ್ಟು ನೀರು ಸವರಿದರೂ ಹತ್ತು ನಿಮಿಷವೂ ನಿಲ್ಲಲಿಲ್ಲ. ದೊಡ್ಡ ತಪ್ಪು ನನ್ನದೇ. ಪರದೆಯ ಮೇಲೆ ಯಾರಾದರೂ ಬಿದ್ದ ಮೇಲೆ ಪೆಟ್ಟು ಹಾಕುತ್ತಿದ್ದೆ. ಕಣ್ಣು ನೋಡಿ ಕೈ ಏಳುವಷ್ಟರಲ್ಲಿ ನಗು ಆರಿಹೋಗಿರುತ್ತಿತ್ತು.

ದಾರಿ ತೋರಿಸಿದ್ದು ಕ್ಯಾಮೆರಾದ ಹಿಡಿ. ಆಗ ಅದನ್ನು ಕೈಯಲ್ಲಿ ತಿರುಗಿಸುತ್ತಿದ್ದರು. ಒಂದು ಸುತ್ತಿಗೆ 8 ಫ್ರೇಮ್, ಸೆಕೆಂಡಿಗೆ ಹೆಚ್ಚುಕಡಿಮೆ ಎರಡು ಸುತ್ತು. ನಿಮಿಷಕ್ಕೆ 120. ಅದೂ ಲಯವೇ ಅಲ್ವಾ? ನನ್ನ ಕಾಪಿ ಸೆಕೆಂಡಿಗೆ 18 ಫ್ರೇಮ್‌ನಂತೆ ಓಡುತ್ತದೆ, ಹಾಗಾಗಿ 135 ಇಟ್ಟುಕೊಂಡೆ. ಪ್ರತಿ ಬೀಳುವಿಕೆಗೂ ಎಷ್ಟು ಅಕ್ಷರ (ತಾಳದ ಎಣಿಕೆ) ಮುಂಚೆ ಮುಕ್ತಾಯ, ಅಂದರೆ ಕೊನೆಯ ಪೆಟ್ಟಿಗೆ ಕರೆದೊಯ್ಯುವ ಲಯದ ಜೋಡಣೆ, ಎತ್ತಬೇಕು ಅಂತ ಎಣಿಸಿ ಬರೆದೆ. ನಾಲ್ಕು ನಿಮಿಷದ ಚಿತ್ರಕ್ಕೆ ಆರು ವಾರ ಹಿಡಿಯಿತು.

ಬ್ರಿಟಿಷ್ ನಿರ್ದೇಶಕ ಸೆಸಿಲ್ ಹೆಪ್‌ವರ್ತ್ 1900ರಲ್ಲಿ ತೆಗೆದ 'ಎಕ್ಸ್‌ಪ್ಲೋಷನ್ ಆಫ್ ಎ ಮೋಟಾರ್ ಕಾರ್' ನೋಡಿ. ಕಾರು ಸಿಡಿಯುತ್ತದೆ, ಪೊಲೀಸಿನವನು ಆಕಾಶ ನೋಡುತ್ತಾನೆ, ಏನೂ ಇಲ್ಲ. ಆಮೇಲೆ ಕೈಕಾಲು ಒಂದೊಂದಾಗಿ ಬೀಳುತ್ತವೆ. ಸಿಡಿದಾಗ ನಾನು ನುಡಿಸುವುದೇ ಇಲ್ಲ. ತಾಳ ಮನಸ್ಸಿನಲ್ಲೇ ಓಡುತ್ತದೆ, ಹಾಲ್ ಉಸಿರು ಬಿಗಿಹಿಡಿಯುತ್ತದೆ. ಬೀಳುವ ಪ್ರತಿ ಅಂಗಕ್ಕೂ ಒಂದು ಗುಮ್ಕಿ, ಅಂದರೆ ಜಾರುವ ತಗ್ಗುದನಿಯ ಪೆಟ್ಟು, ಅಷ್ಟೇ. ಈ ಜಾಗದಲ್ಲಿ ನನಗಿಂತ ಚೆನ್ನಾಗಿ ನುಡಿಸಿದವರನ್ನು ನಾನಿನ್ನೂ ಕೇಳಿಲ್ಲ.

ನಡುವೆ ಮನೆಯಲ್ಲಿ ಚಂಡೆಯನ್ನೂ ಪ್ರಯತ್ನಿಸಿದೆ. ಪಕ್ಕದ ಮನೆಯವರು ಗೋಡೆ ಬಡಿದರು. ಘಟವೂ ಸರಿಹೋಗಲಿಲ್ಲ, ನಾದ ಉದ್ದವಾಯಿತು. ಹಲ್ಲಿಗೆ ಒತ್ತಿ ಬೆರಳಿನಿಂದ ಮೀಟುವ ಮೋರ್ಸಿಂಗ್ ಮಾತ್ರ ಒಂದು ಕಡೆ ಕೂತಿತು: ನಿರ್ದೇಶಕ ಜಿ. ಎ. ಸ್ಮಿತ್ 1903ರಲ್ಲಿ ತೆಗೆದ 'ಮೇರಿ ಜೇನ್ಸ್ ಮಿಸ್‌ಹ್ಯಾಪ್'ನಲ್ಲಿ ಕೆಲಸದಾಕೆ ಮುಖಕ್ಕೆ ಮಸಿ ಬಳಿದುಕೊಂಡು ನಮ್ಮತ್ತ ನೋಡಿ ನಗುವ ಕಡೆ. ಆ ಪಾತ್ರ ಅವರ ಹೆಂಡತಿ ಲಾರಾ ಬೇಲಿಯದು. ಎಂಥ ಮುಖ ಆಕೆಯದು! ಸೀಮೆಎಣ್ಣೆ ಸುರಿದು ಒಲೆ ಹಚ್ಚಿ ಚಿಮಣಿಯಿಂದ ಹಾರಿಹೋಗುವವರೆಗೂ ಲಯ ಏರಿಸಲೇಬೇಡಿ. ಅಲ್ಲೇ ನಾನು ಎರಡು ಸಲ ಕೆಟ್ಟೆ.

ಕೊನೆಗೆ ಆಕೆಯ ದೆವ್ವ ಎಣ್ಣೆಡಬ್ಬಿ ಹುಡುಕಿಕೊಂಡು ಬರುತ್ತದಲ್ಲ, ಅಲ್ಲಿ ಏನು ನುಡಿಸುತ್ತೇನೆ ಅಂತ ಬರೆಯುವುದಿಲ್ಲ. ಬಂದು ಕೇಳಿ. ಈ ಸಲ ಖರ್ಚು ಕಳೆದು 60 ಪೌಂಡ್ ಉಳಿಯಿತು. ಅದರಲ್ಲಿ ಹೊಸ ಚರ್ಮ ಹಾಕಿಸಿದ್ದೇನೆ.