ಬೇಲದ ಓಡಿನಲ್ಲಿ ಹುಟ್ಟಿದ ಸಂಜೀವಕ ಮಣಿ

ನಾಟಕದ ಸಾಮಾನು ಮಾಡಲು ಶುರು ಮಾಡಿ ಹತ್ತು ವರ್ಷ ದಾಟಿತು. ಗದೆ, ಕಿರೀಟ, ಭುಜಕೀರ್ತಿ ವಿಷಯದಲ್ಲಿ ಮಂಡ್ಯ ಸೀಮೆಯಲ್ಲಿ ಯಾರಿಂದಲೂ ಒಂದು ಮಾತು ಕೇಳಿಲ್ಲ. ಆದರೆ ಬಬ್ರುವಾಹನನ ಕಥೆ ಆಡಿದಾಗೆಲ್ಲ ಸಂಜೀವಕ ಮಣಿ ಮರ್ಯಾದೆ ತೆಗೆಯುತ್ತಿತ್ತು. ಸತ್ತ ಅರ್ಜುನನ ಎದೆ ಮೇಲಿಟ್ಟರೆ ಜೀವ ಬರಬೇಕು, ಅಂಥ ನಾಗಲೋಕದ ಮಣಿ ಅದು. ನಮ್ಮದೋ ಥರ್ಮೊಕೋಲ್ ಉಂಡೆ, ಒಳಗೊಂದು ಬಲ್ಬು, ಉಲೂಪಿಯ ಸೀರೆಯೊಳಗಿಂದ ಹೋಗುವ ವೈರು. ಪಾಂಡವಪುರದ ಹತ್ತಿರದ ಒಂದು ಊರಲ್ಲಿ ಉಲೂಪಿ ಎರಡು ಹೆಜ್ಜೆ ಜಾಸ್ತಿ ಇಟ್ಟರು, ವೈರು ಕಿತ್ತು ಬಂತು. ಮುಂದೆ ಕೂತಿದ್ದ ಒಬ್ಬ, ‘ನಾಗಲೋಕ್ದಲ್ಲೂ ಕರೆಂಟ್ ತೆಗ್ದವ್ರೆ ಕಣ್ರಲಾ’ ಅಂದ. ಸತ್ತು ಬಿದ್ದಿದ್ದ ಅರ್ಜುನನೂ ನಕ್ಕುಬಿಟ್ಟ.

ವೈರಿಲ್ಲದ ಮಣಿ ಮಾಡುತ್ತೇನೆ ಅಂದೆ. ಹಾರ್ಮೋನಿಯಂ ಮೇಷ್ಟ್ರು, ‘ಸುಮ್ನೆ ದುಡ್ಡು ಹಾಳು ಮಾಡ್ಕೋಬೇಡ ಕಣಪ್ಪ, ಶೆಲ್ ಹಾಕಿ ಬಲ್ಬ್ ಉರಿಸು’ ಅಂದರು. ಬಲ್ಬ್ ಉರಿಸಿದರೆ ಬಲ್ಬೇ ಕಾಣುತ್ತೆ. ಮಣಿ ಅಂದಮೇಲೆ ಮೈಯೆಲ್ಲ ಹೊಳೆಯಬೇಕು, ಅಲ್ವಾ?

ಮೊದಲು ರೇಡಿಯಂ ಸ್ಟಿಕ್ಕರ್ ಅಂಗಡಿಗೇ ಹೋದೆ. ನಮ್ಮ ಕಡೆ ಹೊಳೆಯುವುದೆಲ್ಲ ರೇಡಿಯಂ ತಾನೇ. ಉಂಡೆಗೆ ಸುತ್ತಿ ದೀಪ ಆರಿಸಿದರೆ ಕಗ್ಗತ್ತಲು. ಬಿದ್ದ ಬೆಳಕನ್ನು ವಾಪಸ್ ಎಸೆಯುತ್ತದೆ ಅಷ್ಟೇ, ತಾನಾಗಿ ಹೊಳೆಯುವುದಿಲ್ಲ. ಆಮೇಲೆ ಬೆಳಕು ಕುಡಿದು ಕತ್ತಲಲ್ಲಿ ತಾನೇ ಹೊಳೆಯುವ ಪುಡಿ ಹುಡುಕಿದೆ. ಬೆಂಗಳೂರಿನ ಒಂದು ಅಂಗಡಿಯವನು ಕಡಿಮೆ ರೇಟಿಗೆ ಕೊಟ್ಟ. ಕಾಲು ಗಂಟೆಗೆ ಸತ್ತುಹೋಯಿತು. ಅದು ಹಳೇ ಕಾಲದ ಜಿಂಕ್ ಸಲ್ಫೈಡ್. ನಮಗೆ ಬೇಕಾದ್ದು ಸ್ಟ್ರಾನ್ಷಿಯಂ ಅಲ್ಯುಮಿನೇಟ್, 1993ರಲ್ಲಿ ಜಪಾನಿನವರು ಕಂಡುಹಿಡಿದ ಮಾಲು. ನೂರು ಗ್ರಾಮಿಗೆ ನಾನೂರು, ನಾನೂರೈವತ್ತು ಬಿತ್ತು ಅಂತ ನೆನಪು. ಹಸಿರನ್ನೇ ತಗೊಳ್ಳಿ. ನೀಲಿ ಚೆಂದ, ಆದರೆ ಮಂಕು.

ಅದನ್ನೂ ಎರಡು ಸಲ ಹಾಳು ಮಾಡಿದೆ. ಒಂದು ಸಲ ಫೆವಿಕಾಲ್‌ಗೆ ನೀರು ಬೆರೆಸಿ ಕಲಸಿದೆ. ಈ ಪುಡಿಗೂ ನೀರಿಗೂ ಆಗಿಬರುವುದಿಲ್ಲ. ನಾಲ್ಕು ದಿನ ಬಿಟ್ಟು ನೋಡಿದರೆ ಡಬ್ಬಿಯೊಳಗೆ ಸಿಮೆಂಟ್ ಗಟ್ಟಿ, ಹೊಳಪೂ ಇಲ್ಲ. ಇನ್ನೊಂದು ಸಲ, ಪುಡಿ ತರಿತರಿ ಇದೆ, ನುಣ್ಣಗಿದ್ದರೆ ಒಳ್ಳೆಯದು ಅಂತ ಮಿಕ್ಸಿಗೆ ಹಾಕಿದೆ. ಈ ಪುಡಿ ಮರಳಿನ ಹಾಗೆ ಗಡಸು. ಬ್ಲೇಡನ್ನೇ ಸವೆಸಿ ಬೂದಿ ಬಣ್ಣಕ್ಕೆ ತಿರುಗಿತು. ತರಿ ಇದ್ದಷ್ಟೂ ಹೊಳಪು ಜಾಸ್ತಿ ಅಂತ ಆಮೇಲೆ ಗೊತ್ತಾಯಿತು. ಇನ್ನೂರು ಗ್ರಾಂ ಪುಡಿ ಹೋಯಿತು, ಮಿಕ್ಸಿ ಜಾರ್ ಹೋಯಿತು, ಮನೆಯಲ್ಲಿ ಒಂದು ವಾರ ಮಾತಿಲ್ಲ.

ಅಚ್ಚಿಗೆ ಬೇಲದ ಹಣ್ಣು. ಇದು ನನ್ನದೇ ಐಡಿಯಾ, ಹೇಳಿಕೊಳ್ಳಲು ನಾಚಿಕೆಯಿಲ್ಲ. ರಾಮನವಮಿ ಪಾನಕಕ್ಕೆ ತಿರುಳು ತೆಗೆದಿಟ್ಟ ಓಡು ಕಣ್ಣಿಗೆ ಬಿತ್ತು. ಒಳಗೆ ಒರಟೊರಟು, ಗಣಿಯಿಂದ ತೆಗೆದ ಕಲ್ಲಿನ ಹಾಗೆ. ಚೆನ್ನಾಗಿ ಒಣಗಿಸಿ ಮೇಣ ಸವರಿ, ಪುಡಿ ಕಲಸಿದ ರೆಸಿನ್ (ಹುಯ್ದ ಮೇಲೆ ಗಟ್ಟಿಯಾಗುವ ಪ್ಲಾಸ್ಟಿಕ್ ದ್ರವ) ಹುಯ್ದೆ. ಮೊದಲನೆಯದನ್ನು ಒಂದೇ ಸಲ ತುಂಬಿಸಿಬಿಟ್ಟೆ. ಕಾದು ಹೊಗೆಯಾಡಿತು, ಬಿರುಕು ಬಿಟ್ಟಿತು, ಪುಡಿಯೆಲ್ಲ ತಳಕ್ಕೆ ಕೂತು ಒಂದು ಕಡೆ ಹಸಿರು, ಒಂದು ಕಡೆ ಬೆಲ್ಲದ ಪಾಕ. ಮೇಷ್ಟ್ರು ತಿರುಗಿಸಿ ತಿರುಗಿಸಿ ನೋಡಿ, ‘ಮಣಿನೋ, ಅಚ್ಚು ಬೆಲ್ಲನೋ?’ ಅಂದರು.

ಅಚ್ಚು ಒಡೆದು ನೋಡಿದಾಗಲೇ ತಲೆಗೆ ಹೊಳೆದದ್ದು. ಒಳಗಿನ ಪುಡಿ ಯಾರ ಕಣ್ಣಿಗೂ ಬೀಳುವುದಿಲ್ಲ. ಹೊರಗಿನ ನಾಲ್ಕು ಮಿಲಿಮೀಟರ್ ಹೊಳೆದರೆ ಸಾಕು. ಎರಡನೇ ಸಲ ನಾಲ್ಕು ಪಾಲು ರೆಸಿನ್‌ಗೆ ಒಂದು ಪಾಲು ಪುಡಿ ಕಲಸಿ, ಓಡಿಗೆ ಸ್ವಲ್ಪವೇ ಹಾಕಿ, ಗಟ್ಟಿಯಾಗುವ ತನಕ ಕೈಯಲ್ಲಿ ತಿರುಗಿಸುತ್ತಲೇ ಕೂತೆ. ಮುಕ್ಕಾಲು ಗಂಟೆ. ಮಗು ಆಡಿಸುತ್ತಿದ್ದೀಯಾ ಅಂತ ಪಕ್ಕದ ಮನೆಯವರು ಕೇಳಿದರು. ಒಳಗೆ ಟೊಳ್ಳು ಉಳಿಯಿತಲ್ಲ, ಅದರಲ್ಲಿ ಪುಡಿಗೆ ಒಳಗಿಂದಲೇ ಬೆಳಕು ಕುಡಿಸಲು ಮೂರು ವಾಟಿನ ನೇರಳೆ ಎಲ್‌ಇಡಿ ಮತ್ತು ಲಿಥಿಯಂ ಶೆಲ್. ಪುಡಿಯ ಖರ್ಚೂ ಮೂರನೇ ಒಂದು ಪಾಲಿಗಿಳಿಯಿತು.

ನಡುವೆ ಒಂದು ಹುಚ್ಚು. ಮಾಯಾಜಲ ಅಂತ ಒಂದು ಲೋಟ ನೀರು ಹೊಳೆಯಿಸಬೇಕು ಅನ್ನಿಸಿತು. ಹೊನ್ನೆ ಮರದ ಹೊಟ್ಟನ್ನು ರಾತ್ರಿ ನೀರಲ್ಲಿ ನೆನೆಹಾಕಿ, ಬೆಳಗ್ಗೆ ಸೋಸಿ ನೇರಳೆ ಟಾರ್ಚ್ ಬಿಟ್ಟೆ. ಟೀ ಬಣ್ಣದ ನೀರು ನೀಲಿಯಾಗಿ ಉರಿಯಿತು! ಟಾರ್ಚ್ ಆರಿಸಿದರೆ ಮತ್ತೆ ಟೀ. ನಾಟಕಕ್ಕೆ ಉಪಯೋಗಕ್ಕೆ ಬರಲಿಲ್ಲ, ಆದರೆ ಮಕ್ಕಳು ಒಂದು ತಿಂಗಳು ಬಿಡಲಿಲ್ಲ.

ಪ್ರಯೋಗದ ದಿನ ಮತ್ತೊಂದು ಪಾಠ. ಸಾಯಂಕಾಲ ಬಿಸಿಲಿಗಿಟ್ಟು ತಂದೆ. ನಾಟಕ ಶುರುವಾಗಿದ್ದೇ ಹತ್ತೂವರೆಗೆ, ಮಣಿ ಬರುವುದು ಬೆಳಗಿನ ಜಾವ ನಾಲ್ಕಕ್ಕೆ. ಹನ್ನೆರಡಕ್ಕೆ ಇಣುಕಿದರೆ ಮಣಿ ಮಲಗಿತ್ತು. ಮೊದಲ ಎರಡು ಮೂರು ನಿಮಿಷದ ಹೊಳಪೇ ಹೊಳಪು, ಆಮೇಲೆ ಇಳಿಯುತ್ತಾ ಹೋಗುತ್ತದೆ. ಅಲ್ಲೇ ಒಂದು ಬಿಸ್ಕತ್ ಡಬ್ಬಿಗೆ ಬೆಳ್ಳಿ ಹಾಳೆ ಅಂಟಿಸಿ, ಎರಡು ನೇರಳೆ ಟಾರ್ಚ್ ಕೂರಿಸಿ, ಮಣಿ ಒಳಗಿಟ್ಟೆ. ಉಲೂಪಿ ಕೈಗೆ ಕೊಟ್ಟಿದ್ದು ಪ್ರವೇಶಕ್ಕೆ ಅರ್ಧ ನಿಮಿಷ ಮುಂಚೆ. ಸ್ಟೇಜಿಗೆ ಕೆಂಪು ದೀಪ ಒಂದೇ ಬಿಡಿಸಿದೆ. ಕೆಂಪಿನಲ್ಲಿ ಹಸಿರು ಎದ್ದು ಕಾಣುತ್ತೆ.

ಬಬ್ರುವಾಹನ ಮಣಿಯನ್ನು ಅಪ್ಪನ ಎದೆ ಮೇಲಿಟ್ಟ ಕೂಡಲೇ ಅದು ಧಗ್ಗನೆ ಹೊಳೆಯಿತು. ಯಾರೂ ಸ್ವಿಚ್ ಮುಟ್ಟಲಿಲ್ಲ. ಎದೆಕವಚದೊಳಗೆ ಏನಿತ್ತು ಅನ್ನೋದು ನನಗೂ ಅರ್ಜುನನಿಗೂ ಮಾತ್ರ ಗೊತ್ತು, ಅಲ್ಲೇ ಇರಲಿ. ವಿಜಿಲ್ ಹೊಡೆದವರಲ್ಲಿ ಮೇಷ್ಟ್ರೂ ಇದ್ದರು, ಹಾರ್ಮೋನಿಯಂ ಬಿಟ್ಟು.

ಒಟ್ಟು ಖರ್ಚು ಏಳು ಸಾವಿರದ ಹತ್ತಿರ. ಕಮಿಟಿಯವರು ಕೊಟ್ಟಿದ್ದು ಒಂದೂವರೆ. ಈಗ ರಾತ್ರಿಗೆ ಐನೂರಕ್ಕೆ ಬಾಡಿಗೆ ಕೊಡುತ್ತಿದ್ದೇನೆ, ಒಂಬತ್ತು ಊರಾಯಿತು.

ಅವತ್ತು ಸಾಮಾನು ಕಟ್ಟುತ್ತಿದ್ದಾಗ ಒಬ್ಬ ಅಜ್ಜಿ ಬಂದರು. ‘ಒಸಿ ಈ ಮಂಡಿಗೆ ಮುಟ್ಸಪ್ಪ’ ಅಂದರು. ನಾಟಕದ್ದು ಕಣಜ್ಜಿ, ಪ್ಲಾಸ್ಟಿಕ್ಕು ಅಂದೆ. ‘ಇರ್ಲಿ, ಮುಟ್ಸು.’ ಮುಟ್ಟಿಸಿದೆ. ‘ಬೆಚ್ಚಗೈತೆ’ ಅಂತ ಕಣ್ಣು ಮುಚ್ಚಿದರು. ಒಳಗಿನ ಎಲ್‌ಇಡಿ ಆರಿಸುವುದನ್ನೇ ಮರೆತಿದ್ದೆ. ಅವರು ಕಣ್ಣು ಬಿಡುವ ತನಕ ಆರಿಸಲೂ ಇಲ್ಲ.