ಮೂರನೇ ಸಲಕ್ಕೆ ಜೋಳಿಗೆ ಹಗುರಾಯಿತು

ದಸರೆ ಮುಗಿಸಿ ಹೊರಟವನು ನಲವತ್ತು ದಿನ ಎಲ್ಲ ಬಿಟ್ಟು, ಕೈಯಲ್ಲಿ ಪೈಸೆ ಇಲ್ಲದೆ, ಭಿಕ್ಷೆ ಬೇಡಿ ಉಣ್ಣುತ್ತ ಹುಬ್ಬಳ್ಳಿಯಿಂದ ಕಾಗಿನೆಲೆ ತನಕ ಅಡ್ಡಾಡಿ ಬಂದೆ. ಹೊರಡುವಾಗ ಅಣ್ಣ, "ಎಂಟು ದಿನದಾಗ ಹಸಿದು ಬರ್ತಿ ನೋಡು ತಮ್ಮಾ" ಅಂದಿದ್ದ. ಅವನದೇನು ತಪ್ಪು, ಎರಡು ಸಲ ಹಾಗೇ ಬಂದಿದ್ದೆನಲ್ಲ.

ಮೊದಲ ಸಲ ಹುಬ್ಬಳ್ಳಿಯ ಸಿದ್ಧಾರೂಢ ಮಠದಲ್ಲೇ ಕೂತುಬಿಟ್ಟೆ. ಸಿದ್ಧಾರೂಢ ಅಜ್ಜ 1929ರಲ್ಲಿ ದೇಹ ಬಿಟ್ಟರೂ ಅಲ್ಲಿ ದಾಸೋಹ ನಿಂತಿಲ್ಲ. ಹೊತ್ತು ನೋಡಿ ಪಂಕ್ತಿಗೆ ಕೂರುವುದೇ ರೂಢಿಯಾಗಿ, ಎಲ್ಲ ಬಿಡಲು ಹೋದವನು ಎರಡು ಕಿಲೋ ಜಾಸ್ತಿಯಾಗಿ ಬಂದೆ. ಎರಡನೇ ಸಲ ಗದಗ ರಸ್ತೆ ಹಿಡಿದೆ, ಆದರೆ ಇರಲಿ ಅಂತ ಐನೂರರ ನೋಟೊಂದನ್ನು ಅಂಗಿ ಅಂಚಿಗೆ ಹೊಲಿದುಕೊಂಡಿದ್ದೆ. ಕೆಟ್ಟಿದ್ದು ಅಲ್ಲೇ. ಜಪಕ್ಕೆ ಕೂತರೂ ಬೆರಳು ಅಂಚಿಗೇ ಹೋಗುತ್ತಿತ್ತು. ಅಣ್ಣಿಗೇರಿಯಲ್ಲಿ ರಾತ್ರಿಯೆಲ್ಲ ನಿದ್ದೆ ಇಲ್ಲ, ಯಾರಾದರೂ ಕದ್ದರೆ? ಬೆಳಿಗ್ಗೆ ಹೊಲಿಗೆ ಬಿಚ್ಚಿದೆ. ಚಹಾ, ಗಿರ್ಮಿಟ್, ಬಸ್ಸು, ಮನೆ.

ಮೂರನೇ ಸಲ ಜೋಳಿಗೆ, ತಂಬಿಗೆ, ಕಂಬಳಿ, ಆಧಾರ್ ಝೆರಾಕ್ಸ್ ಅಷ್ಟೇ. ದಿನಕ್ಕೆ ಐದೇ ಮನೆ. ಭಿಕ್ಷೆ ಕೇಳುವುದು ಹಾಗಿರಲಿ ಬಿಡಿ, ಕಷ್ಟ ಇರುವುದು ಉಳಿಸದೆ ಇರುವುದರಲ್ಲಿ. ನಮ್ಮ ಕಡೆ ರೊಟ್ಟಿಯೇ ವೈರಿ! ಅನ್ನವಾದರೆ ಹಳಸುತ್ತದೆ, ಖಡಕ್ ರೊಟ್ಟಿ ಹದಿನೈದು ದಿನವಾದರೂ ಹಾಗೇ ಇರುತ್ತದೆ. ಲಕ್ಷ್ಮೇಶ್ವರ ದಾಟಿ ಜೋಳಿಗೆ ಬಿಚ್ಚಿದರೆ ತಳದಲ್ಲಿ ಹನ್ನೊಂದೋ ಹನ್ನೆರಡೋ ರೊಟ್ಟಿ, ಶೇಂಗಾ ಚಟ್ನಿ ಪೊಟ್ಟಣ ಬೇರೆ. ರೊಕ್ಕ ಬಿಟ್ಟು ರೊಟ್ಟಿ ಗಂಟು ಕಟ್ಟಿದ್ದೆ! ಎಲ್ಲ ಕುರಿ ಕಾಯುವವರಿಗೆ ಕೊಟ್ಟೆ. ಅವತ್ತಿನಿಂದ ಹೊತ್ತು ಮುಳುಗಿದರೆ ಜೋಳಿಗೆ ತಿರುವಿ ಝಾಡಿಸುವುದು. ನಾಲ್ಕೈದು ದಿನದಲ್ಲಿ ನಾಳೆಯ ಚಿಂತೆ ಕಡಿಮೆಯಾಯಿತು, ಸುಮ್ನೆ ಹೇಳುತ್ತಿಲ್ಲ.

ಜನ ರೊಕ್ಕವನ್ನೂ ಕೊಡುತ್ತಾರೆ, ಬೇಡ ಅಂದರೆ ಸಿಟ್ಟು. ಮೊದಲ ಇಪ್ಪತ್ತು ದಿನಕ್ಕೆ ಏಳುನೂರರ ಆಸುಪಾಸು ಬಂತು, ಸಿಕ್ಕ ಗುಡಿಯ ಹುಂಡಿಗೆ ಹಾಕಿದೆ. ಆಮೇಲೆ ಅವರಿಗೂ ಬೇಸರವಾಗದ ಒಂದು ಮಾತು ಸಿಕ್ಕಿತು, ಅದನ್ನಿಲ್ಲಿ ಬರೆಯಲ್ಲ.

ಶಿಶುನಾಳದಲ್ಲಿ ಶರೀಫಜ್ಜನ ಗದ್ದುಗೆ ಹತ್ತಿರ ಮೂರು ದಿನ ಮೌನ ಹಿಡಿದು ನೋಡಿದೆ. ಮೂಗ ಅಂತ ತಿಳಿದು ಎರಡು ಪಟ್ಟು ನೀಡಿದರು. ಮೋಸ ಅನ್ನಿಸಿ ಬಿಟ್ಟೆ. ಬರಿಗಾಲಲ್ಲಿ ನಡೆಯುವುದೂ ಆಗಲಿಲ್ಲ. ಹಿಂಗಾರಿ ಮಳೆ ಬಿದ್ದ ಎರೆ ಹೊಲದಲ್ಲಿ ಒಂದೊಂದು ಹೆಜ್ಜೆಗೂ ಸೇರು ಮಣ್ಣು ಮೆತ್ತುತ್ತದೆ.

ಹಾವೇರಿ ಬಸ್ ಸ್ಟ್ಯಾಂಡಿನಲ್ಲಿ ನಡುಗುತ್ತಿದ್ದ ಮುದುಕರೊಬ್ಬರಿಗೆ ಕಂಬಳಿ ಕೊಟ್ಟೆ. ಬಹಳ ಹೆಮ್ಮೆಯಿಂದಲೇ. ಅವರು ಗೊರಕೆ ಹೊಡೆದರು, ನಾನು ಬೆಳಗಿನ ತನಕ ಕಂಬಳಿಯನ್ನೇ ನೋಡುತ್ತ ಕೂತೆ. ಮುಂದಿನ ಸಲ ಬಿಸಿಲು ಬಿದ್ದ ಮೇಲೆ ಕೊಡುತ್ತೇನೆ.